ಕೋರ್ಟಿನ ಶಿಕ್ಷೆ, ಕಚೇರಿಯ ಶಿಕ್ಷೆ

ದೆಹಲಿಯ ಹಾಲು ಪೂರೈಕೆ ಯೋಜನೆಯಲ್ಲಿ ಕ್ಯಾಶ್ ಕ್ಲರ್ಕ್ ಆಗಿದ್ದ ಒಬ್ಬಾತ ಅರವತ್ತರ ದಶಕದ ಆರಂಭದಲ್ಲಿ 500 ರೂಪಾಯಿ ಸರ್ಕಾರಿ ಹಣವನ್ನು ಕಟ್ಟದೆ ಕೈಯಲ್ಲೇ ಉಳಿಸಿಕೊಂಡ. ಆಮೇಲೆ ಹಣ ತುಂಬಿದ, ಕೋರ್ಟಿನಲ್ಲಿ ತಪ್ಪೊಪ್ಪಿಕೊಂಡ. ಮನೆಯಲ್ಲಿ ಒಂದರ ಮೇಲೊಂದು ಬಂದ ಕಷ್ಟಗಳನ್ನು ನೋಡಿ ಮ್ಯಾಜಿಸ್ಟ್ರೇಟರು ಜೈಲಿಗೆ ಕಳಿಸದೆ ಪ್ರೊಬೇಷನ್ ಮೇಲೆ ಬಿಟ್ಟರು. ಇಲಾಖೆ ಮಾತ್ರ 1964ರಲ್ಲಿ ಆತನನ್ನು ಏನೂ ಕೇಳದೆ ವಜಾ ಮಾಡಿತು. ಆ ಆದೇಶ ಅನ್ಯಾಯದ್ದೆಂದು ಸುಪ್ರೀಂ ಕೋರ್ಟು ಹೇಳಿ, ಪೂರ್ತಿ ಹಿಂಬಾಕಿ ಸಂಬಳದ ಸಮೇತ ಕೆಲಸ ಕೊಡಿಸುವಷ್ಟರಲ್ಲಿ 1985ರ ಮಾರ್ಚ್ ಬಂದಿತ್ತು. ಇನ್ನೊಂದು ಪ್ರಕರಣ ಸರ್ಕಾರಿ ಸ್ವಾಮ್ಯದ ಬ್ಯಾಂಕೊಂದರ ಜವಾನನದು. ಟೆಲಿಫೋನ್ ಬಿಲ್ಲಿಗೆಂದು ಕೈಗೆ ಕೊಟ್ಟ 5,000 ರೂಪಾಯಿಯನ್ನು ಆತ ಕಟ್ಟಲಿಲ್ಲ. ಅಲ್ಲೂ ವಿಶ್ವಾಸದ್ರೋಹದ ತೀರ್ಪು ಬಂತು, ಅಲ್ಲೂ ಪ್ರೊಬೇಷನ್ ಸಿಕ್ಕಿತು, ಅಲ್ಲೂ ಕೆಲಸ ಹೋಯಿತು. 2010ರಲ್ಲಿ ಅದೇ ಸುಪ್ರೀಂ ಕೋರ್ಟು ಈ ವಜಾವನ್ನು ಎತ್ತಿಹಿಡಿಯಿತು. ಒಂದೇ ಬಗೆಯ ಅಪರಾಧ, ಒಂದೇ ಬಗೆಯ ತೀರ್ಪು, ಫಲ ಮಾತ್ರ ತದ್ವಿರುದ್ಧ. ಹಣದ ಮೊತ್ತದಿಂದ ಈ ಅಂತರವನ್ನು ವಿವರಿಸಲಾಗದು. ಅರವತ್ತರ ದಶಕದ 500 ರೂಪಾಯಿಯೇನೂ ಸಣ್ಣ ಹಣವಲ್ಲ. ಶಿಕ್ಷೆಗೆ ಒಳಗಾದ ನೌಕರನನ್ನು ಏನು ಮಾಡಬೇಕೆಂಬ ಪ್ರಶ್ನೆಗೆ ನಮ್ಮ ಕಾನೂನು ಇನ್ನೂ ನೇರ ಉತ್ತರ ಕಂಡುಕೊಂಡಿಲ್ಲ ಎಂಬುದೇ ಇದರ ಹಿಂದಿರುವ ವಿಷಯ.

ಸರ್ಕಾರಿ ನೌಕರರ ಮಟ್ಟಿಗೆ ಎಲ್ಲವೂ ಸಂವಿಧಾನದ 311ನೇ ವಿಧಿಯಿಂದ ಶುರುವಾಗುತ್ತದೆ. ಆರೋಪ ತಿಳಿಸಿ, ವಿಚಾರಣೆ ನಡೆಸಿ, ಅಹವಾಲು ಹೇಳಿಕೊಳ್ಳಲು ಅವಕಾಶ ಕೊಟ್ಟ ಮೇಲಷ್ಟೇ ವಜಾ ಮಾಡಬೇಕು ಎನ್ನುವುದು ಅಲ್ಲಿನ ನಿಯಮ. ಅದಕ್ಕಿರುವ ವಿನಾಯಿತಿಗಳಲ್ಲಿ ಮೊದಲನೆಯದು, ಕ್ರಿಮಿನಲ್ ಆರೋಪದಲ್ಲಿ ದೋಷಿಯೆಂಬ ತೀರ್ಪಿಗೆ ಕಾರಣವಾದ ನಡತೆಗಾಗಿ ಕೈಗೊಳ್ಳುವ ಕ್ರಮ. ಅಂಥ ಸಂದರ್ಭದಲ್ಲಿ ಇಲಾಖಾ ವಿಚಾರಣೆ ಬೇಕಿಲ್ಲ. ಕರ್ನಾಟಕದ 1957ರ ಸಿಸಿಎ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳ 14ನೇ ನಿಯಮವೂ ಇದನ್ನೇ ಹೇಳುತ್ತದೆ. ಇದರಲ್ಲಿ ತಕರಾರು ತೆಗೆಯುವಂಥದ್ದು ಏನೂ ಇಲ್ಲ. ಸಾಕ್ಷಿಗಳ ಪಾಟೀಸವಾಲು ನಡೆದು, ಸಂದೇಹಕ್ಕೆ ಎಡೆಯಿಲ್ಲದಂತೆ ಸಾಬೀತಾಗಿದೆ ಎಂದು ನ್ಯಾಯಾಲಯ ಹೇಳಿದ ಸಂಗತಿಯನ್ನು ಮತ್ತೆ ತಹಸೀಲ್ದಾರರೋ ಉಪನಿರ್ದೇಶಕರೋ ಕೂತು ತನಿಖೆ ಮಾಡುವುದರಲ್ಲಿ ಅರ್ಥವಿಲ್ಲ. ಆದರೆ ವಿನಾಯಿತಿ ಇರುವುದು ತಪ್ಪು ನಡೆಯಿತೇ ಎಂದು ಹುಡುಕುವ ಕೆಲಸಕ್ಕೆ. ಆ ತಪ್ಪಿಗೆ ಕೆಲಸವೇ ಹೋಗಬೇಕೇ ಎಂದು ಯೋಚಿಸುವ ಕೆಲಸಕ್ಕೆ ಸಂವಿಧಾನ ಎಲ್ಲೂ ರಜೆ ಕೊಟ್ಟಿಲ್ಲ. ಕಚೇರಿಗಳಲ್ಲಿ ನಡೆಯುವುದು ಇದಕ್ಕೆ ತಿರುಗುಮುರುಗು. ತೀರ್ಪಿನ ದೃಢೀಕೃತ ಪ್ರತಿ ಕೈಗೆ ಬರುತ್ತದೆ, ಹಳೆಯ ಕಡತದಿಂದ ಮಾದರಿ ಆದೇಶ ಹೊರಬರುತ್ತದೆ, ಹೆಸರು, ಹುದ್ದೆ, ಸೆಕ್ಷನ್ನುಗಳ ಜಾಗ ತುಂಬಿ ಸಹಿ ಬೀಳುತ್ತದೆ. ‘ತೀರ್ಪನ್ನು ಕೂಲಂಕಷವಾಗಿ ಪರಿಶೀಲಿಸಲಾಗಿದೆ’ ಎಂಬ ಸಾಲು ಅದರಲ್ಲಿ ಇದ್ದೇ ಇರುತ್ತದೆ; ಪರಿಶೀಲಿಸಿ ಕಂಡದ್ದೇನು ಎಂಬ ಸಾಲು ಇರುವುದು ಅಪರೂಪ.

ಈ ಪ್ರಶ್ನೆ ಒಮ್ಮೆ ಬಗೆಹರಿಯುವ ಹಂತಕ್ಕೆ ಬಂದಿತ್ತು. ಕೇರಳದಲ್ಲಿ ರೈಲ್ವೆ ಪಾಯಿಂಟ್ಸ್‌ಮನ್ ಒಬ್ಬ 1972ರಲ್ಲಿ ಕುಡಿದು ನಿಲ್ದಾಣದ ಬಳಿ ಗಲಾಟೆ ಮಾಡಿದ. ಮ್ಯಾಜಿಸ್ಟ್ರೇಟರು ಬುದ್ಧಿ ಹೇಳಿ ಬಿಟ್ಟರು, ರೈಲ್ವೆ ಕೆಲಸದಿಂದ ತೆಗೆಯಿತು. 1975ರಲ್ಲಿ ಸುಪ್ರೀಂ ಕೋರ್ಟು, ಶಿಕ್ಷೆಯ ಪ್ರಮಾಣ ತೀರ್ಮಾನಿಸುವ ಮುನ್ನ ಅಧಿಕಾರಿ ನೌಕರನ ಮಾತು ಕೇಳಬೇಕು ಎಂದಿತು. ತಪ್ಪು ಎಷ್ಟು ಗಂಭೀರ, ಆಡಳಿತದ ಮೇಲೆ ಅದರ ಪರಿಣಾಮ ಏನು, ಅದು ಬರೀ ತಾಂತ್ರಿಕ ಉಲ್ಲಂಘನೆಯೇ, ಕರುಣೆಗೆ ಕಾರಣಗಳಿವೆಯೇ ಎಂದೆಲ್ಲ ತೂಗಬೇಕೆಂದೂ ಹೇಳಿತು. ಹತ್ತು ವರ್ಷ ಕಳೆದು, 1985ರ ಜುಲೈನಲ್ಲಿ, ತುಳಸಿರಾಂ ಪಟೇಲ್ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ನಾಲ್ಕು–ಒಂದರ ಬಹುಮತದಿಂದ ಅದನ್ನು ಅರ್ಧ ಅಳಿಸಿಹಾಕಿತು. ಮೇಲಧಿಕಾರಿಯ ತಲೆಗೆ ಕಬ್ಬಿಣದ ಸಲಾಕೆಯಿಂದ ಹೊಡೆದ ಜಬಲ್ಪುರದ ಲೆಕ್ಕಪರಿಶೋಧಕನ ಪ್ರಕರಣ ಅದು. ಅಂಥವನನ್ನು ಕಡ್ಡಾಯ ನಿವೃತ್ತಿಗೆ ಕಳಿಸಿದ್ದರ ಬಗ್ಗೆ ಮರುಗುವವರು ಕಡಿಮೆ. ಆದರೆ ತೀರ್ಪು ಆತನಿಗಷ್ಟೇ ನಿಲ್ಲಲಿಲ್ಲ. ತೂಗಿನೋಡಬೇಕಾದ ಅಂಶಗಳೆಲ್ಲ ಹಾಗೆಯೇ ಉಳಿದವು, ನೌಕರನನ್ನು ಕೇಳುವುದು ಹೋಯಿತು. ಅಧಿಕಾರಿ ತಾನೊಬ್ಬನೇ ಕೂತು ತೀರ್ಪನ್ನು ಓದಿ ನಿರ್ಧರಿಸಿದರೆ ಸಾಕು. ಹೆಂಡತಿಗೆ ಕಾಯಿಲೆಯಿತ್ತೆಂದೋ ಇಪ್ಪತ್ತು ವರ್ಷದ ಸೇವೆಯಲ್ಲಿ ಕಪ್ಪುಚುಕ್ಕೆ ಇರಲಿಲ್ಲವೆಂದೋ ನೌಕರನೇ ಹೇಳದಿದ್ದರೆ ಅಧಿಕಾರಿಗೆ ಅದು ತಿಳಿಯುವುದಾದರೂ ಹೇಗೆ? ಹಾಲಿನ ಯೋಜನೆಯ ಕ್ಲರ್ಕಿನ ತೀರ್ಪು ಬಂದದ್ದು ಇದಕ್ಕೆ ನಾಲ್ಕು ತಿಂಗಳ ಹಿಂದಷ್ಟೇ. ನಿಲುಗಡೆ ನಿಷೇಧವಿದ್ದ ಕಡೆ ಸ್ಕೂಟರ್ ನಿಲ್ಲಿಸಿ ದಂಡ ತೆತ್ತವನನ್ನೂ ವಜಾ ಮಾಡಬೇಕೆಂದು ಸಂವಿಧಾನ ಬಯಸುವುದಿಲ್ಲ, ದಂಡಿಸುವ ಹಕ್ಕಿನ ಜೊತೆಗೇ ನ್ಯಾಯವಾಗಿ ನಡೆಯುವ ಕರ್ತವ್ಯವೂ ಬರುತ್ತದೆ ಎಂದು ಅದರಲ್ಲಿ ಮುಖ್ಯ ನ್ಯಾಯಮೂರ್ತಿ ಚಂದ್ರಚೂಡ್ ಬರೆದಿದ್ದರು. ಕೇಂದ್ರ ಸರ್ಕಾರ ಆಮೇಲೆ ತನ್ನ ನಿಯಮಗಳಲ್ಲಿ, ಉದ್ದೇಶಿತ ದಂಡನೆಯ ಬಗ್ಗೆ ನೌಕರನಿಗೆ ಅಹವಾಲು ಸಲ್ಲಿಸಲು ಅವಕಾಶ ಕೊಡಬಹುದು ಎಂಬ ಸಾಲನ್ನು ಸೇರಿಸಿತು. ಕೊಡಬಹುದು, ಕೊಡಲೇಬೇಕು ಅಂತಲ್ಲ.

ನ್ಯಾಯಾಲಯಗಳು ಬೇರೆ ಬೇರೆ ಸಂದರ್ಭಗಳಲ್ಲಿ ಹೇಳಿದ ಮಾತುಗಳನ್ನು ಒಟ್ಟಿಗಿಟ್ಟು ಓದಿದರೆ ಒಂದು ವಿಚಿತ್ರ ಕಾಣುತ್ತದೆ. 1958ರ ಪ್ರೊಬೇಷನ್ ಕಾಯ್ದೆಯ 12ನೇ ಸೆಕ್ಷನ್ ಪ್ರಕಾರ, ಪ್ರೊಬೇಷನ್ ಮೇಲೆ ಬಿಡುಗಡೆಯಾದವನಿಗೆ ದೋಷಿಯೆಂಬ ತೀರ್ಪಿನಿಂದ ಬರುವ ಅನರ್ಹತೆ ತಟ್ಟಬಾರದು. ಹಾಗಾದರೆ ಕೆಲಸ ಉಳಿಯಬೇಕಲ್ಲ ಎಂದು ನೌಕರರು ಮತ್ತೆ ಮತ್ತೆ ಕೋರ್ಟಿಗೆ ಹೋದರು. ಉಳಿಯುವುದಿಲ್ಲ, ಏಕೆಂದರೆ ಕ್ರಮ ಕೈಗೊಂಡದ್ದು ತೀರ್ಪಿನ ಮೇಲಲ್ಲ, ಅದರ ಹಿಂದಿನ ನಡತೆಯ ಮೇಲೆ ಎಂದು ಕೋರ್ಟು 1990ರಲ್ಲಿ ಹೇಳಿತು. ಮೇಲ್ಮನವಿಯಲ್ಲಿ ಶಿಕ್ಷೆ ಅಮಾನತಾಗಿದೆ, ಅಲ್ಲಿಯವರೆಗಾದರೂ ತಡೆಯಿರಿ ಎಂದವರಿಗೂ 1995ರಲ್ಲಿ ಸಿಕ್ಕದ್ದು ಇದೇ ಉತ್ತರ: ಅಮಾನತಾದದ್ದು ಶಿಕ್ಷೆ, ತೀರ್ಪಲ್ಲ, ನೋಡುವುದು ನಡತೆಯನ್ನು. ಈ ತರ್ಕ ಸರಿಯೇ ಇದೆ. ಆದರೆ ಅದನ್ನು ಕೊನೆಯವರೆಗೂ ಒಯ್ಯಬೇಕು. ಆಧಾರ ನಡತೆಯೇ ಆಗಿದ್ದರೆ ಆದೇಶದಲ್ಲಿ ನಡತೆಯ ವಿಶ್ಲೇಷಣೆ ಇರಬೇಕು: ಆತ ಏನು ಮಾಡಿದ, ಯಾವ ಸಂದರ್ಭದಲ್ಲಿ, ಅವನ ಹುದ್ದೆಗೂ ಅದಕ್ಕೂ ಏನು ಸಂಬಂಧ. ಬರೀ ಸೆಕ್ಷನ್ನಿನ ಸಂಖ್ಯೆ ಬರೆದು ವಜಾ ಮಾಡಿದರೆ ಅದು ತೀರ್ಪಿನ ಮೇಲಿನ ಕ್ರಮವೇ ಆಗುತ್ತದೆ, ಆಗ 12ನೇ ಸೆಕ್ಷನ್ ಅಡ್ಡ ಬರಬೇಕು. ನೌಕರನಿಗೆ ಪ್ರೊಬೇಷನ್ನಿನ ಲಾಭ ತಪ್ಪಿಸುವಾಗ ನಡತೆಯ ಮಾತು, ಆದೇಶ ಬರೆಯುವಾಗ ತೀರ್ಪಿನ ಮಾತು ಎಂಬ ಎರಡು ನಾಲಿಗೆ ಸಲ್ಲದು. ಈ ಲೇಖನದ ವಾದ ಇಷ್ಟೇ: ದೋಷಿಯೆಂಬ ತೀರ್ಪು ಸಾಬೀತನ್ನು ಒದಗಿಸುತ್ತದೆ, ದಂಡನೆಯನ್ನು ಒದಗಿಸುವುದಿಲ್ಲ, ಕೆಲಸಕ್ಕೂ ತಪ್ಪಿಗೂ ಇರುವ ನಂಟನ್ನು ತೋರಿಸಿ, ನೌಕರನ ಮಾತು ಕೇಳಿ ಬರೆದ ಆದೇಶ ಮಾತ್ರ ನಿಲ್ಲಬೇಕು.

ಸರ್ಕಾರಿ ಸೇವೆಯ ಹೊರಗೆ ಚಿತ್ರ ಇನ್ನಷ್ಟು ಚೂರುಚೂರು. ಕಾರ್ಖಾನೆಯ ಕಾರ್ಮಿಕನಿಗೆ 311ನೇ ವಿಧಿ ಇಲ್ಲ, ಅವನಿಗಿದ್ದದ್ದು 1946ರ ಕಾಯ್ದೆಯಡಿ ಪ್ರಮಾಣೀಕರಿಸಿದ ಸ್ಥಾಯಿ ಆದೇಶಗಳು ಮತ್ತು ವಜಾ ಹೆಚ್ಚಾಯಿತೆನಿಸಿದರೆ ಶಿಕ್ಷೆ ಇಳಿಸಲು ಕಾರ್ಮಿಕ ನ್ಯಾಯಾಲಯಕ್ಕೆ 1971ರಲ್ಲಿ ಸಿಕ್ಕ ಅಧಿಕಾರ. ಈ ಅಧಿಕಾರ ಸರ್ಕಾರಿ ನೌಕರನಿಗೆ ಸಿಗುವ ರಿಟ್ ಪರಿಹಾರಕ್ಕಿಂತ ವಿಶಾಲವಾದುದು. 2025ರ ನವೆಂಬರ್ 21ರಂದು ಜಾರಿಗೆ ಬಂದ ಕೈಗಾರಿಕಾ ಸಂಬಂಧಗಳ ಸಂಹಿತೆ ಸ್ಥಾಯಿ ಆದೇಶಗಳ ಅಗತ್ಯವನ್ನು 300 ಅಥವಾ ಅದಕ್ಕಿಂತ ಹೆಚ್ಚು ಕಾರ್ಮಿಕರಿರುವ ಸಂಸ್ಥೆಗಳಿಗೆ ಸೀಮಿತಗೊಳಿಸಿದೆ. ಕೇಂದ್ರದ ಹಳೆಯ ಕಾಯ್ದೆಯಲ್ಲಿ ಈ ಗಡಿ 100 ಇತ್ತು. ಐಟಿ ಕಂಪನಿಗಳಿಗೆ ಕರ್ನಾಟಕ ಸರ್ಕಾರ 2014ರಿಂದಲೇ ಈ ಬಾಧ್ಯತೆಯಿಂದ ವಿನಾಯಿತಿ ಕೊಡುತ್ತ ಬಂದಿತ್ತು. ಬ್ಯಾಂಕುಗಳದ್ದು ಇನ್ನೊಂದು ತುದಿ: ನೈತಿಕ ಅಧಃಪತನ ಒಳಗೊಂಡ ಅಪರಾಧದಲ್ಲಿ ದೋಷಿಯಾದವನನ್ನು ಕೆಲಸದಲ್ಲಿ ಇಟ್ಟುಕೊಳ್ಳುವಂತೆಯೇ ಇಲ್ಲ ಎಂದು 1949ರ ಬ್ಯಾಂಕಿಂಗ್ ನಿಯಂತ್ರಣ ಕಾಯ್ದೆಯ 10ನೇ ಸೆಕ್ಷನ್ ಹೇಳುತ್ತದೆ. ನೈತಿಕ ಅಧಃಪತನ ಎಂದರೇನೆಂದು ಆ ಕಾಯ್ದೆ ಹೇಳುವುದಿಲ್ಲ. ಹಾಗಾಗಿ ಎಲ್ಲ ಜಗಳವೂ ಆ ಎರಡು ಪದಗಳ ಮೇಲೆಯೇ. ಹೊಡೆದಾಟದ ಪ್ರಕರಣದಲ್ಲಿ ಸಾಮಾನ್ಯ ಗಾಯ ಮಾಡಿದ್ದಕ್ಕೆ ಶಿಕ್ಷೆಯಾಗಿ, ಆಮೇಲೆ ಪ್ರೊಬೇಷನ್ ಪಡೆದ ಬ್ಯಾಂಕ್ ಸಿಬ್ಬಂದಿಯೊಬ್ಬನ ವಿಷಯದಲ್ಲಿ, ಎಲ್ಲ ಹೊಡೆದಾಟವೂ ನೈತಿಕ ಅಧಃಪತನವಲ್ಲ ಎಂದು 2019ರಲ್ಲಿ ಸುಪ್ರೀಂ ಕೋರ್ಟು ಹೇಳಬೇಕಾಯಿತು.

ದೋಷಿ ಎಂದ ಕೂಡಲೇ ಕಣ್ಮುಂದೆ ಬರುವುದು ಲಂಚಕೋರ ಅಥವಾ ಕೊಲೆಗಾರ. ನಿಜದಲ್ಲಿ ಈ ಬಲೆಗೆ ಬೀಳುವವರಲ್ಲಿ ಬೇರೆಯವರೂ ಇದ್ದಾರೆ. ಸ್ನೇಹಿತನ ಕೈಸಾಲಕ್ಕೆ ಭದ್ರತೆಯಾಗಿ ಖಾಲಿ ಚೆಕ್ ಕೊಟ್ಟು, ಅದು ಬೌನ್ಸ್ ಆಗಿ, 138ನೇ ಸೆಕ್ಷನ್ನಿನ ಕೇಸಿನಲ್ಲಿ ಸೋತ ಶಾಲಾಮಾಸ್ತರ. ಎರಡು ವರ್ಷದವರೆಗೆ ಜೈಲು ಅಥವಾ ಚೆಕ್ಕಿನ ಎರಡರಷ್ಟು ದಂಡ ವಿಧಿಸಬಹುದಾದ, ಆದರೆ ತಿರುಳಿನಲ್ಲಿ ಸಾಲ ವಸೂಲಿಯೇ ಆದ ಪ್ರಕರಣ ಅದು. ತಿರುವಿನಲ್ಲಿ ಅಡ್ಡ ಬಂದ ಬೈಕಿಗೆ ಬಸ್ಸು ತಾಗಿಸಿ, ನಿರ್ಲಕ್ಷ್ಯದ ಸಾವಿನ ಕೇಸಿನಲ್ಲಿ ದೋಷಿಯಾದ ಸಾರಿಗೆ ನಿಗಮದ ಚಾಲಕ. ಭಾರತೀಯ ನ್ಯಾಯ ಸಂಹಿತೆಯಲ್ಲಿ ಆ ಅಪರಾಧದ ಗರಿಷ್ಠ ಶಿಕ್ಷೆ ಎರಡು ವರ್ಷದಿಂದ ಐದಕ್ಕೆ ಏರಿದೆ. ಚಾಲಕನ ತಪ್ಪಿಗೂ ಅವನ ಕೆಲಸಕ್ಕೂ ನೇರ ನಂಟಿದೆ, ನಿಜ. ಅವನನ್ನು ಸ್ಟೀರಿಂಗಿನಿಂದ ದೂರ ಇಡಬೇಕೋ, ಡಿಪೋದಲ್ಲಿ ಬೇರೆ ಕೆಲಸ ಕೊಡಬೇಕೋ, ಮನೆಗೇ ಕಳಿಸಬೇಕೋ ಎಂಬುದನ್ನು ಮಾತ್ರ ತೀರ್ಪು ಹೇಳಿರುವುದಿಲ್ಲ. ಇವರೆಲ್ಲರಿಗಿಂತ ದಯನೀಯ ಸ್ಥಿತಿ, ಚಿಲ್ಲರೆ ಕೇಸಿನಲ್ಲಿ ತಪ್ಪೊಪ್ಪಿಕೊಂಡವರದು. ಹತ್ತು ಸಲ ಕೋರ್ಟಿಗೆ ಅಲೆಯುವ ಬದಲು ಒಪ್ಪಿಕೊಂಡು ದಂಡ ಕಟ್ಟಿ ಮುಗಿಸಿಬಿಡಿ ಎಂದು ವಕೀಲರು ಹೇಳುವುದು ಎಲ್ಲ ತಾಲ್ಲೂಕು ಕೋರ್ಟುಗಳ ಆವರಣದಲ್ಲೂ ಕೇಳುವ ಮಾತು. ಹರಿಯಾಣದ ನಾಲ್ಕನೇ ದರ್ಜೆಯ ನೌಕರನೊಬ್ಬ ಹಾಗೇ ಮಾಡಿದ. ಸಾರ್ವಜನಿಕವಾಗಿ ಅಶ್ಲೀಲವಾಗಿ ನಡೆದುಕೊಂಡ ಆರೋಪ, 20 ರೂಪಾಯಿ ದಂಡ. ಆ 20 ರೂಪಾಯಿಗೆ ಅವನ ಕೆಲಸ ಹೋಯಿತು. 1996ರಲ್ಲಿ ಸುಪ್ರೀಂ ಕೋರ್ಟು ಅವನ ಪರ ತೀರ್ಪು ಕೊಟ್ಟು, ಜನ ತಪ್ಪು ಮಾಡಿದ್ದಕ್ಕಲ್ಲ, ತೊಂದರೆ ತಪ್ಪಿಸಿಕೊಳ್ಳಲು ಒಪ್ಪಿಕೊಳ್ಳುತ್ತಾರೆ ಎಂಬುದನ್ನು ಗುರುತಿಸಿತು. ಸುಮಾರು 2,000 ರೂಪಾಯಿವರೆಗಿನ ದಂಡದಲ್ಲಿ ಮುಗಿಯುವ ಚಿಲ್ಲರೆ ಅಪರಾಧಗಳಿಂದ ಉದ್ಯೋಗ ಹೋಗದಂತೆ ಕಾನೂನು ಮಾಡಿ ಎಂದು ಸಂಸತ್ತನ್ನು ಕೇಳಿಕೊಂಡಿತು.

ನಂಟನ್ನು ತೋರಿಸಬೇಕೆಂಬ ಮಾತು ಹೊಸ ಆವಿಷ್ಕಾರವೇನಲ್ಲ. ಕಾರ್ಖಾನೆಯ ಆವರಣದ ಹೊರಗೆ ನಡೆದ ಕೃತ್ಯ ದುರ್ನಡತೆ ಎನಿಸಬೇಕಾದರೆ ಕೆಲಸದ ಜೊತೆ ಅದಕ್ಕೆ ಸಂಬಂಧ ಇರಬೇಕೆಂದು 1983ರಲ್ಲೇ ಗ್ಲ್ಯಾಕ್ಸೋ ಪ್ರಕರಣದಲ್ಲಿ ನ್ಯಾಯಮೂರ್ತಿ ಡಿ.ಎ. ದೇಸಾಯಿ ಹೇಳಿದ್ದರು. ಬ್ರಿಟನ್ನಿನಲ್ಲಿ ಮಾಲೀಕರು ಅನುಸರಿಸಬೇಕಾದ ಏಕಾಸ್ ಸಂಹಿತೆಯೂ ಇದೇ ದಾರಿಯದು: ಶಿಕ್ಷೆಯಾಗಿದೆ ಎಂಬುದು ತಾನಾಗಿಯೇ ಕ್ರಮಕ್ಕೆ ಕಾರಣವಲ್ಲ, ಆತ ಆ ಕೆಲಸಕ್ಕೆ ಈಗಲೂ ತಕ್ಕವನೇ ಎಂದು ನೋಡಬೇಕು. ನಮ್ಮಲ್ಲಿ ಈ ತತ್ವವನ್ನು ಕಾರ್ಮಿಕ ನ್ಯಾಯಾಲಯಗಳು ಒಪ್ಪಿಕೊಂಡಷ್ಟು ಸರ್ಕಾರಿ ಇಲಾಖೆಗಳು ಒಪ್ಪಿಕೊಂಡಿಲ್ಲ.

ಇದಕ್ಕೆ ಬರುವ ಆಕ್ಷೇಪಗಳಲ್ಲಿ ಗಟ್ಟಿಯಾದದ್ದು ಲಂಚದ ವಿಷಯ. ಲೋಕಾಯುಕ್ತರ ಬಲೆಗೆ ಬಿದ್ದು, ವಿಶೇಷ ನ್ಯಾಯಾಲಯದಲ್ಲಿ ದೋಷಿಯೆನಿಸಿದ ಅಧಿಕಾರಿ ಮರುದಿನ ಅದೇ ಕುರ್ಚಿಯಲ್ಲಿ ಕೂತು ಪಹಣಿ ತಿದ್ದಬೇಕೇ? ಕೂಡದು. ಭ್ರಷ್ಟಾಚಾರದಲ್ಲಿ ದೋಷಿಯಾದ ಸಾರ್ವಜನಿಕ ನೌಕರ ಮೇಲ್ಮನವಿಯಲ್ಲಿ ನಿರ್ದೋಷಿ ಎನಿಸುವವರೆಗೂ ಹುದ್ದೆಯಲ್ಲಿ ಇರಬಾರದೆಂದು ಸುಪ್ರೀಂ ಕೋರ್ಟು 2001ರಲ್ಲಿ ಖಡಕ್ಕಾಗಿ ಹೇಳಿದ್ದು ಸರಿಯಾಗಿಯೇ ಇದೆ. ಆದರೆ ಗಮನಿಸಿ, ಇಲ್ಲಿ ವಜಾ ಸರಿ ಎನಿಸುವುದು ಶಿಕ್ಷೆಯಾಯಿತು ಎಂಬ ಕಾರಣಕ್ಕಲ್ಲ. ಲಂಚ ತಿಂದದ್ದು ಹುದ್ದೆಯನ್ನೇ ಮಾರಿಕೊಂಡದ್ದು ಎಂಬ ಕಾರಣಕ್ಕೆ. ನಂಟು ಇಲ್ಲಿ ಎದ್ದು ಕಾಣುತ್ತದೆ, ಆದೇಶದಲ್ಲಿ ಅದನ್ನು ಬರೆಯಲು ಎರಡು ಪ್ಯಾರಾ ಸಾಕು. ಅಂದರೆ ಈ ಕಟ್ಟುನಿಟ್ಟು ಭ್ರಷ್ಟರನ್ನು ಉಳಿಸುವುದಿಲ್ಲ. ಭ್ರಷ್ಟನಿಗೆ ಹೆಣೆದ ಬಲೆಯಲ್ಲಿ ಚೆಕ್ ಬೌನ್ಸ್ ಆದ ಮಾಸ್ತರ ಸಿಕ್ಕಿಬೀಳುವುದನ್ನಷ್ಟೇ ಅದು ತಪ್ಪಿಸುತ್ತದೆ.

ಎರಡನೆಯ ಆಕ್ಷೇಪ ಕಚೇರಿ ಬಲ್ಲವರದು. ವಿವೇಚನೆಗೆ ಬಿಟ್ಟರೆ ವಶೀಲಿ ನುಗ್ಗುತ್ತದೆ: ಬೇಕಾದವನ ಹೊಡೆದಾಟ ‘ಕ್ಷಣಿಕ ಆವೇಶ’ವಾಗುತ್ತದೆ, ಬೇಡದವನದ್ದು ‘ಇಲಾಖೆಗೆ ಕಳಂಕ’. ಎಲ್ಲರಿಗೂ ಒಂದೇ ಕತ್ತರಿ ಇದ್ದರೆ ಕನಿಷ್ಠ ಪಕ್ಷಪಾತವಾದರೂ ಇರದು. ಈ ಅನುಮಾನಕ್ಕೆ ಆಧಾರವಿದೆ. ಆದರೆ ವಿವೇಚನೆ ಈಗಲೂ ಇದೆ, ಅದು ಬಾಯಿ ಬಿಡುತ್ತಿಲ್ಲ ಅಷ್ಟೇ. ವಜಾ, ಸೇವೆಯಿಂದ ತೆಗೆಯುವುದು, ಕಡ್ಡಾಯ ನಿವೃತ್ತಿ, ಹಿಂಬಡ್ತಿ, ಬಡ್ತಿ ತಡೆ ಎಂದು ದಂಡನೆಯ ಮೆಟ್ಟಿಲುಗಳು ಸಾಲಾಗಿ ಇವೆ. ವಜಾ ಆದವನು ಮುಂದೆ ಸರ್ಕಾರಿ ಕೆಲಸಕ್ಕೇ ಅನರ್ಹನಾಗುತ್ತಾನೆ, ಕಡ್ಡಾಯ ನಿವೃತ್ತಿಯಾದವನಿಗೆ ಪಿಂಚಣಿಯ ದಾರಿ ಉಳಿಯುತ್ತದೆ. ಈ ಮೆಟ್ಟಿಲುಗಳಲ್ಲಿ ಒಂದನ್ನು ಆರಿಸಿಕೊಳ್ಳುವುದೇ ವಿವೇಚನೆ. ಕಾರಣ ಬರೆಯದೆ ಆರಿಸಿಕೊಂಡರೆ ವಶೀಲಿ ಅಡಗಿ ಕೂರಲು ಜಾಗ ಸಿಗುತ್ತದೆ. ಕಾರಣ ಬರೆಯಲೇಬೇಕೆಂದಾದರೆ ನ್ಯಾಯಾಧಿಕರಣದಲ್ಲಿ ಎರಡು ಆದೇಶಗಳನ್ನು ಅಕ್ಕಪಕ್ಕ ಇಟ್ಟು ತಾರತಮ್ಯ ತೋರಿಸಬಹುದು. ಮೂರನೆಯ ಆಕ್ಷೇಪ ವಿಳಂಬದ್ದು. ಹದಿನೈದು ದಿನದ ಕಾರಣ ಕೇಳಿ ನೋಟಿಸು, ದಂಡನೆಯ ಪ್ರಮಾಣದ ಬಗ್ಗೆ ಮಾತ್ರ ಲಿಖಿತ ಉತ್ತರ ಎಂದಿಟ್ಟುಕೊಂಡರೆ, ಎಷ್ಟೋ ವರ್ಷ ವಿಚಾರಣಾ ನ್ಯಾಯಾಲಯದಲ್ಲೇ ಕಳೆದ ಪ್ರಕರಣದಲ್ಲಿ ಅದನ್ನು ವಿಳಂಬ ಎನ್ನುವುದು ಕಷ್ಟ.

ಮೇಲ್ಮನವಿಯಲ್ಲಿ ತೀರ್ಪು ತಿರುಗಿದರೆ? ನಿಯಮ ಸರಳ: ವಜಾ ಆದೇಶವನ್ನು ಮರುಪರಿಶೀಲಿಸಿ ಕೆಲಸಕ್ಕೆ ವಾಪಸ್ ತೆಗೆದುಕೊಳ್ಳಬಹುದು. ಸಂಬಳದ ಮಾತು ಬೇರೆ. ಗುಜರಾತಿನ ವಿದ್ಯುತ್ ಮಂಡಳಿಯ ನೌಕರನೊಬ್ಬ ಕೊಲೆ ಕೇಸಿನಲ್ಲಿ ದೋಷಿಯಾಗಿ ವಜಾ ಆಗಿ, ಹೈಕೋರ್ಟಿನಲ್ಲಿ ಖುಲಾಸೆಯಾಗಿ ಮರಳಿದ. ಕೇಸಿನಲ್ಲಿ ತಾನೇ ಸಿಕ್ಕಿಕೊಂಡು ಕೆಲಸ ಮಾಡಲಾಗದ ಸ್ಥಿತಿ ತಂದುಕೊಂಡವನಿಗೆ ಹಿಂಬಾಕಿ ಸಂಬಳದ ಹಕ್ಕಿಲ್ಲ ಎಂದು 1996ರಲ್ಲಿ ಸುಪ್ರೀಂ ಕೋರ್ಟು ಹೇಳಿತು. ನಿರ್ದೋಷಿ ಎಂದಾದ ಮೇಲೂ ‘ತಾನೇ ಸಿಕ್ಕಿಕೊಂಡವನು’ ಎನ್ನುವುದು ನನಗೆ ಒಗ್ಗದ ಮಾತು. ಇದರ ಇನ್ನೊಂದು ಮಗ್ಗುಲನ್ನು ಕೋಲಾರದ ಚಿನ್ನದ ಗಣಿಯಲ್ಲಿ ಕಾಣಬಹುದು. ಭಾರತ್ ಗೋಲ್ಡ್ ಮೈನ್ಸಿನ ಭದ್ರತಾ ಅಧಿಕಾರಿಯ ಮನೆಯಲ್ಲಿ 1985ರ ಜೂನಿನಲ್ಲಿ ಪೊಲೀಸರು 4.5 ಗ್ರಾಂ ತೂಕದ ಚಿನ್ನದ ಉಂಡೆ ಮತ್ತು ಚಿನ್ನ ಬೆರೆತ ಮರಳು ಸಿಕ್ಕಿತೆಂದರು. ಅಮಾನತಿನಲ್ಲಿದ್ದವನಿಗೆ ಜೀವನಾಧಾರ ಭತ್ಯೆಯನ್ನೂ ಕೊಡದೆ ಏಕಪಕ್ಷೀಯ ವಿಚಾರಣೆ ನಡೆಸಿ ಕಂಪನಿ 1986ರಲ್ಲಿ ವಜಾ ಮಾಡಿತು. ಕ್ರಿಮಿನಲ್ ಕೋರ್ಟು 1987ರ ಫೆಬ್ರವರಿಯಲ್ಲಿ, ದಾಳಿ ಮತ್ತು ವಶಪಡಿಕೆಯೇ ಸಾಬೀತಾಗಿಲ್ಲ ಎಂದು ಖುಲಾಸೆ ಮಾಡಿತು. ಆ ಖುಲಾಸೆ ನಮ್ಮನ್ನು ಕಟ್ಟಿಹಾಕುವುದಿಲ್ಲ ಎಂದೇ ಕಂಪನಿ ವಾದಿಸುತ್ತ ಹೋಯಿತು. ಅವೇ ಸಾಕ್ಷಿಗಳು, ಅದೇ ದಾಳಿ, ಹಾಗಿರುವಾಗ ವಜಾ ನಿಲ್ಲದು ಎಂದು ಸುಪ್ರೀಂ ಕೋರ್ಟು ಹೇಳಿದ್ದು 1999ರಲ್ಲಿ. ಖುಲಾಸೆಯಾದಾಗ ‘ಕೋರ್ಟಿನ ದಾರಿ ಬೇರೆ, ನಮ್ಮ ದಾರಿ ಬೇರೆ, ನಾವು ನಡತೆ ನೋಡುತ್ತೇವೆ’ ಎನ್ನುವ ಮಾಲೀಕರು, ಶಿಕ್ಷೆಯಾದಾಗ ನಡತೆ ನೋಡುವ ಕಷ್ಟ ತೆಗೆದುಕೊಳ್ಳದಿರುವುದು ಕಾಕತಾಳೀಯವಲ್ಲ.

ತೂಗಿನೋಡುವುದು ಅಸಾಧ್ಯವೇನೂ ಅಲ್ಲ ಎಂಬುದಕ್ಕೆ ಗ್ರಾಚ್ಯುಟಿ ಕಾನೂನೇ ಸಾಕ್ಷಿ. ಕೆಲಸದ ವೇಳೆ ನೈತಿಕ ಅಧಃಪತನದ ಅಪರಾಧ ಎಸಗಿ ವಜಾ ಆದವನ ಗ್ರಾಚ್ಯುಟಿಯನ್ನು 1972ರ ಹಳೆಯ ಕಾಯ್ದೆಯಡಿ ಪೂರ್ತಿಯಾಗಿ ಅಥವಾ ಭಾಗಶಃ ತಡೆಹಿಡಿಯಬಹುದಾಗಿತ್ತು. ಇದಕ್ಕೆ ಕೋರ್ಟಿನಲ್ಲಿ ದೋಷಿಯೆಂದು ಸಾಬೀತಾಗಿರಲೇಬೇಕು ಎಂದು 2018ರಲ್ಲಿ ಹೇಳಿದ್ದ ಸುಪ್ರೀಂ ಕೋರ್ಟು, 2025ರ ಫೆಬ್ರವರಿಯಲ್ಲಿ ಬೇಕಿಲ್ಲ ಎಂದಿತು. ಕಾರ್ಮಿಕರ ಮಟ್ಟಿಗೆ ಇದು ಹಿನ್ನಡೆಯೇ. ಆದರೆ ಅದೇ ತೀರ್ಪಿನಲ್ಲಿ, ಸುಳ್ಳು ಜನ್ಮದಾಖಲೆ ಕೊಟ್ಟು ಕೆಲಸ ಗಿಟ್ಟಿಸಿದವನ ಗ್ರಾಚ್ಯುಟಿ ಪೂರ್ತಿ ಹೋದರೆ, ಟಿಕೆಟ್ ಹಣ ಮುರಿದುಕೊಂಡ ಮಹಾರಾಷ್ಟ್ರದ ಬಸ್ ಕಂಡಕ್ಟರುಗಳದ್ದು ಶೇ. 25ರಷ್ಟು ಮಾತ್ರ ಹೋಯಿತು. ತಪ್ಪಿಗೆ ತಕ್ಕ ಅಳತೆ ಎಂದರೆ ಇದು. ದಂಡ ಸಂಹಿತೆಯೂ ಈ ಕಡೆಗೇ ಹೊರಳಿದೆ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆ, 5,000 ರೂಪಾಯಿಗಿಂತ ಕಡಿಮೆ ಬೆಲೆಯ ವಸ್ತು ಕದ್ದು, ಮೊದಲ ಸಲ ಸಿಕ್ಕಿಬಿದ್ದು, ಅದನ್ನು ಹಿಂತಿರುಗಿಸಿದವನಿಗೆ ಜೈಲಲ್ಲ, ಸಮುದಾಯ ಸೇವೆ ವಿಧಿಸುತ್ತದೆ. ಕುಡಿದು ಗಲಾಟೆ ಮಾಡಿದವನಿಗೂ ಅದೇ ಶಿಕ್ಷೆ ಕೊಡಬಹುದು. 2023ರ ಜನ ವಿಶ್ವಾಸ ಕಾಯ್ದೆ 42 ಕೇಂದ್ರ ಕಾಯ್ದೆಗಳ 183 ಅಂಶಗಳಲ್ಲಿ ಕ್ರಿಮಿನಲ್ ಶಿಕ್ಷೆಯನ್ನು ಸಡಿಲಿಸಿತು. ಆ ರಿಯಾಯಿತಿಗಳ ಹೆಚ್ಚಿನ ಫಲ ವ್ಯಾಪಾರ, ಉದ್ದಿಮೆ ನಡೆಸುವವರಿಗೆ. ಸೇವಾ ನಿಯಮಗಳ ಕಡೆಗೆ ಇನ್ನೂ ಯಾರೂ ತಿರುಗಿಲ್ಲ. ಊರಿನ ಉದ್ಯಾನ ಗುಡಿಸಿ ಶಿಕ್ಷೆ ಮುಗಿಸಿ ಬಂದ ಅಟೆಂಡರನ ಮೇಜಿನ ಮೇಲೆ 14ನೇ ನಿಯಮದಡಿ ವಜಾ ಆದೇಶ ಕಾದಿದ್ದರೆ, ಹೊಸ ಸಂಹಿತೆ ಅವನ ತಪ್ಪಿಗೆ ಕಟ್ಟಿದ ಬೆಲೆಗೂ ಇಲಾಖೆ ಕಟ್ಟಿದ ಬೆಲೆಗೂ ತಾಳೆಯಾಗುವುದಿಲ್ಲ. ಸರಿಪಡಿಸಲು ಸಂವಿಧಾನ ತಿದ್ದುಪಡಿಯೇನೂ ಬೇಕಿಲ್ಲ. ಕೇಂದ್ರದ ನಿಯಮದಲ್ಲಿ ‘ಅಹವಾಲಿಗೆ ಅವಕಾಶ ಕೊಡಬಹುದು’ ಎಂದಿರುವುದನ್ನು ‘ಕೊಡತಕ್ಕದ್ದು’ ಎಂದು ಮಾಡಿ, ಹುದ್ದೆಗೂ ತಪ್ಪಿಗೂ ಇರುವ ಸಂಬಂಧವನ್ನು ಆದೇಶದಲ್ಲಿ ಬರೆಯತಕ್ಕದ್ದು ಎಂದು ಒಂದು ಸಾಲು ಸೇರಿಸಬೇಕು. ರಾಜ್ಯದ ನಿಯಮಗಳಲ್ಲೂ, ಬ್ಯಾಂಕು ಮತ್ತು ಕಾರ್ಖಾನೆಗಳ ಸ್ಥಾಯಿ ಆದೇಶಗಳಲ್ಲೂ ಅದೇ ಸಾಲು ಬರಬೇಕು. ಇದಕ್ಕೆ ವಿಧಾನಸಭೆಯ ಅಧಿವೇಶನವೂ ಬೇಡ, ಸಿಬ್ಬಂದಿ ಮತ್ತು ಆಡಳಿತ ಸುಧಾರಣೆ ಇಲಾಖೆಯ ಒಂದು ಅಧಿಸೂಚನೆಯಿಂದ ರಾಜ್ಯದ ಮಟ್ಟದ ಕೆಲಸವನ್ನಾದರೂ ಶುರು ಮಾಡಬಹುದು.